ಝಾರ್ ದೊರೆಯ ರೀಲುಗಳಲ್ಲೇ ಸಿಕ್ಕ ಕ್ರಾಂತಿ: ಎಸ್ಫಿರ್ ಶುಬ್ 1927ರಲ್ಲಿ ಮಾಡಿದ ಕೆಲಸ

ಒಂದು ಹಡಗಿನ ಡೆಕ್ಕು. ಮೇಲೆ ಬಿಸಿಲು ತಾಗದ ಹಾಗೆ ಬಟ್ಟೆಯ ಚಪ್ಪರ. ಅಧಿಕಾರಿಗಳು, ಅವರ ಮನೆಯ ಹೆಂಗಸರು ಜೋಡಿ ಜೋಡಿಯಾಗಿ ಮಜುರ್ಕಾ ಅನ್ನುವ ನೃತ್ಯ ಕುಣಿಯುತ್ತಿದ್ದಾರೆ. ಕುಣಿದು ಕುಣಿದು ಸುಸ್ತಾಗುತ್ತಾರೆ, ಮುಖ ಒರೆಸಿಕೊಳ್ಳುತ್ತಾರೆ. ಪರದೆಯ ಮೇಲೆ ಒಂದು ಟೈಟಲ್ ಕಾರ್ಡ್ ಬರುತ್ತದೆ. ಬೆವರು ಬರುವ ತನಕ ಕುಣಿದರು ಅನ್ನುವುದು ಅದರ ತಾತ್ಪರ್ಯ. ಮುಂದಿನ ಶಾಟ್‌ನಲ್ಲಿ ಮಣ್ಣು ಅಗೆಯುತ್ತಿರುವ ಕೂಲಿಯವರು. ಅವರೂ ಬೆವರು ಒರೆಸಿಕೊಳ್ಳುತ್ತಿದ್ದಾರೆ.

ಇಷ್ಟೇ. ಒಂದು ನಿಮಿಷವೂ ಹಿಡಿಯದ ಜಾಗ. ಆದರೆ ರಷ್ಯಾವನ್ನು ಆಳಿದ ರಾಜಮನೆತನದ ಕುರಿತ 'ರೊಮಾನೊವ್ ವಂಶದ ಪತನ' ಅನ್ನುವ ಈ ಮೂಕಿ ಚಿತ್ರವನ್ನು ಮೊದಲ ಸಲ ನೋಡಿದಾಗ ನಾನು ಇಲ್ಲಿಗೆ ಬಂದು ನಿಲ್ಲಿಸಿದೆ. ಹಿಂದಕ್ಕೆ ಹೋಗಿ ಮತ್ತೆ ನೋಡಿದೆ. ಡೆಕ್ಕಿನ ಮೇಲೆ ಕ್ಯಾಮೆರಾ ಇಟ್ಟವನಿಗೆ ಆ ಕೂಲಿಗಳ ವಿಷಯ ಗೊತ್ತೇ ಇಲ್ಲ. ಕೂಲಿಗಳನ್ನು ತೆಗೆದವನಿಗೆ ಹಡಗಿನ ಕುಣಿತ ಗೊತ್ತಿಲ್ಲ. ಎರಡನ್ನೂ ಎಷ್ಟೋ ವರ್ಷದ ಮೇಲೆ ಒಬ್ಬ ಹೆಂಗಸು ಕೈಯಲ್ಲಿ ಹಿಡಿದು, ಎರಡು ತುದಿ ಸೇರಿಸಿ ಅಂಟಿಸಿದರು. ಅವರ ಹೆಸರು ಎಸ್ಫಿರ್ ಶುಬ್. ಕ್ರಾಂತಿಯನ್ನು ಸಿನಿಮಾ ಹೇಗೆ ದಾಖಲು ಮಾಡಿತು ಅಂತ ಯಾರಾದರೂ ಕೇಳಿದರೆ ನನಗೆ ಮೊದಲು ನೆನಪಾಗುವುದು ಇವರೇ. ಕ್ರಾಂತಿಯ ನಡುವೆ ಕ್ಯಾಮೆರಾ ಹಿಡಿದು ನಿಂತವರು ಆಮೇಲೆ ನೆನಪಾಗುತ್ತಾರೆ.

ಯಾಕೆ ಅಂತ ಹೇಳಬೇಕಾದರೆ ಪೂರ್ತಿ ಪ್ರಕರಣವನ್ನೇ ಬಿಡಿಸಿ ನೋಡಬೇಕು.

1926ರಲ್ಲಿ ಏನಿತ್ತು, ಏನಿರಲಿಲ್ಲ

ಶುಬ್ ಹುಟ್ಟಿದ್ದು 1894ರಲ್ಲಿ, ಸುರಾಜ್ ಅನ್ನುವ ಸಣ್ಣ ಊರಿನಲ್ಲಿ. 1922ರಿಂದ ಮಾಸ್ಕೋದ ಸರ್ಕಾರಿ ಸಿನಿಮಾ ಸಂಸ್ಥೆಯಲ್ಲಿ ಕೆಲಸ. ಕೆಲಸ ಏನು? ಹೊರದೇಶದಿಂದ ಬಂದ ಚಿತ್ರಗಳನ್ನು ಸೋವಿಯತ್ ಪ್ರೇಕ್ಷಕರಿಗೆ ಹೊಂದುವ ಹಾಗೆ ಮತ್ತೆ ಕತ್ತರಿಸಿ ಜೋಡಿಸುವುದು. ಟೈಟಲ್ ಕಾರ್ಡ್ ಬದಲಿಸುವುದು, ಬೇಡದ ದೃಶ್ಯ ತೆಗೆಯುವುದು, ಕೆಲವೊಮ್ಮೆ ಕತೆಯನ್ನೇ ತಿರುಗಿಸಿಬಿಡುವುದು. ಹೀಗೆ ಸುಮಾರು 200 ಚಿತ್ರ ಅವರ ಕೈ ದಾಟಿ ಹೋದವು. ಜರ್ಮನಿಯಿಂದ ಬಂದ 'ಡಾಕ್ಟರ್ ಮಬೂಸೆ' ಚಿತ್ರವನ್ನು 1924ರಲ್ಲಿ ಹೀಗೆ ತಿದ್ದುವಾಗ ಅವರ ಪಕ್ಕದಲ್ಲಿ ಕೂತು ಕಲಿತ ಹುಡುಗ ಸೆರ್ಗೇಯ್ ಐಸೆನ್‌ಸ್ಟೈನ್. ಮುಂದೆ ಎಡಿಟಿಂಗ್ ಅಂದರೆ ಐಸೆನ್‌ಸ್ಟೈನ್ ಅನ್ನುವಷ್ಟು ಹೆಸರು ಮಾಡಿದವರು ಅವರು. ಎಡಿಟಿಂಗ್ ಟೇಬಲ್ಲಿನ ಮೊದಲ ಪಾಠ ಯಾರಿಂದ ಬಂತು ಅನ್ನುವುದನ್ನು ನಾವು ಅಷ್ಟಾಗಿ ಹೇಳುವುದಿಲ್ಲ. ಹೇಳಬೇಕು.

ಬೇರೆಯವರು ತೆಗೆದ ಫಿಲ್ಮ್ ಜೊತೆ ಹೀಗೆ ವರ್ಷಗಟ್ಟಲೆ ಕೂತಿದ್ದರಿಂದ ಶುಬ್ ಅವರಿಗೆ ಒಂದು ವಿಷಯ ಚೆನ್ನಾಗಿ ಗೊತ್ತಾಗಿತ್ತು. ಒಂದು ತುಣುಕಿಗೆ ಒಂದೇ ಅರ್ಥ ಇರುವುದಿಲ್ಲ. ಅದರ ಹಿಂದೆ ಏನಿದೆ, ಮುಂದೆ ಏನಿದೆ, ಎಷ್ಟು ಹೊತ್ತು ಪರದೆಯ ಮೇಲೆ ನಿಲ್ಲುತ್ತದೆ ಅನ್ನುವುದರ ಮೇಲೆ ಅರ್ಥ ಬದಲಾಗುತ್ತದೆ.

1926ರ ಆರಂಭದಲ್ಲಿ ಐಸೆನ್‌ಸ್ಟೈನ್ ಅವರ 'ಬ್ಯಾಟಲ್‌ಶಿಪ್ ಪೊಟೆಮ್ಕಿನ್' ತೆರೆಗೆ ಬಂತು. 1905ರ ದಂಗೆಯನ್ನು ಜನರಿಂದ ಆಡಿಸಿ ತೆಗೆದ ಚಿತ್ರ. ಅದನ್ನು ನೋಡಿದ ಮೇಲೆ ಶುಬ್ ಅವರ ತಲೆಯಲ್ಲಿ ಒಂದು ಪ್ರಶ್ನೆ ಎದ್ದಿತು. ಆಡಿಸದೆ, ನಟರಿಲ್ಲದೆ, ನಿಜವಾಗಿ ತೆಗೆದ ತುಣುಕುಗಳಿಂದಲೇ ಕ್ರಾಂತಿಯ ಚಿತ್ರ ಮಾಡಲು ಆಗುತ್ತದಾ? ಮುಂದಿನ ವರ್ಷ, 1927ರಲ್ಲಿ, ದೊರೆಯನ್ನು ಪಟ್ಟದಿಂದ ಇಳಿಸಿದ ಫೆಬ್ರವರಿ ಕ್ರಾಂತಿಗೆ ಹತ್ತು ವರ್ಷ ತುಂಬುತ್ತಿತ್ತು. ಅವರು ಯೋಜನೆ ಮುಂದಿಟ್ಟರು. ಸ್ಟುಡಿಯೋದವರು ಮೊದಲು ಒಪ್ಪಲಿಲ್ಲ. ಹಳೆ ಸುದ್ದಿಚಿತ್ರಗಳ ಚೂರು ಸೇರಿಸಿ ಚಿತ್ರ ಮಾಡುವುದು ಅಂದರೇನು ಅನ್ನುವುದೇ ಆಗ ಬಹಳ ಜನಕ್ಕೆ ಗೊತ್ತಿರಲಿಲ್ಲ. ಕೊನೆಗೆ ಒಪ್ಪಿಗೆ ಸಿಕ್ಕಿತು.

ಆದರೆ ಫಿಲ್ಮ್ ಎಲ್ಲಿದೆ? ಯಾರ ಬಳಿಯೂ ಸರಿಯಾದ ಪಟ್ಟಿ ಇರಲಿಲ್ಲ. ಹತ್ತು ವರ್ಷದಲ್ಲಿ ಒಂದು ಮಹಾಯುದ್ಧ, ಎರಡು ಕ್ರಾಂತಿ, ಒಂದು ಅಂತರ್ಯುದ್ಧ ನಡೆದಿತ್ತು. ಸಿನಿಮಾ ಕಂಪನಿಗಳ ಮಾಲೀಕರು ಎಷ್ಟೋ ಜನ ದೇಶ ಬಿಟ್ಟು ಹೋಗಿದ್ದರು, ಕೆಲವರು ನೆಗೆಟಿವ್‌ಗಳನ್ನೂ ಹೊತ್ತುಕೊಂಡು ಹೋಗಿದ್ದರು. ಉಳಿದದ್ದು ಎಲ್ಲೆಲ್ಲೋ ಇತ್ತು, ಯಾವುದೋ ಡಬ್ಬಿಯಲ್ಲಿ, ಯಾವುದೋ ಹೆಸರಿನಲ್ಲಿ.

ಆ ಫಿಲ್ಮ್ ತೆಗೆದವರು ಯಾರು

ಇಲ್ಲಿ ಸ್ವಲ್ಪ ಹಿಂದಕ್ಕೆ ಹೋಗಬೇಕು. ರಷ್ಯಾದಲ್ಲಿ ಸಿನಿಮಾ ಕ್ಯಾಮೆರಾ ಮೊದಲು ತಿರುಗಿದ್ದೇ ದೊರೆಗಾಗಿ. 1896ರ ಮೇ ತಿಂಗಳಲ್ಲಿ ಎರಡನೇ ನಿಕೋಲಸ್‌ನ ಪಟ್ಟಾಭಿಷೇಕ ಮಾಸ್ಕೋದಲ್ಲಿ ನಡೆಯಿತು. ಫ್ರಾನ್ಸಿನ ಲುಮಿಯೇರ್ ಕಂಪನಿಯ ಕ್ಯಾಮೆರಾಮನ್‌ಗಳು ಅದನ್ನು ತೆಗೆದರು. ಪ್ಯಾರಿಸ್‌ನಲ್ಲಿ ಸಾರ್ವಜನಿಕರಿಗೆ ಸಿನಿಮಾ ತೋರಿಸಿ ಆಗಿನ್ನೂ ಆರು ತಿಂಗಳೂ ಆಗಿರಲಿಲ್ಲ.

ಪಟ್ಟಾಭಿಷೇಕದ ಕೆಲವು ದಿನಗಳ ಮೇಲೆ ಖೋಡಿಂಕಾ ಮೈದಾನದಲ್ಲಿ ಜನರಿಗೆ ಉಡುಗೊರೆ ಹಂಚುವ ಕಾರ್ಯಕ್ರಮ ಇತ್ತು. ಲಕ್ಷಗಟ್ಟಲೆ ಜನ ಸೇರಿದರು. ನೂಕುನುಗ್ಗಲಿನಲ್ಲಿ 1,300ಕ್ಕೂ ಜಾಸ್ತಿ ಜನ ತುಳಿತಕ್ಕೆ ಸಿಕ್ಕಿ ಸತ್ತರು. ಲುಮಿಯೇರ್ ಕಂಪನಿಯ ಫ್ರಾನ್ಸಿಸ್ ದುಬ್ಲಿಯೇ ಅಲ್ಲಿದ್ದರು, ಕ್ಯಾಮೆರಾ ತಿರುಗಿಸಿದರು. ಪೊಲೀಸರು ಬಂದು ಎಲ್ಲ ಕಿತ್ತುಕೊಂಡರು ಅಂತ ಅವರು ಆಮೇಲೆ ಹೇಳಿಕೊಂಡಿದ್ದಾರೆ. ಪಟ್ಟಾಭಿಷೇಕದ ರೀಲು ಇವತ್ತಿಗೂ ಉಂಟು. ಮೈದಾನದ ರೀಲು ಇಲ್ಲ. ರಷ್ಯಾದ ಸಿನಿಮಾ ದಾಖಲೆ ಶುರುವಾಗಿದ್ದೇ ಹೀಗೆ, ಒಂದನ್ನು ಇಟ್ಟುಕೊಂಡು ಇನ್ನೊಂದನ್ನು ಇಲ್ಲವಾಗಿಸಿ.

ಅಲ್ಲಿಂದ ಮುಂದೆ ಅರಮನೆಗೆ ತನ್ನದೇ ಕ್ಯಾಮೆರಾ ವ್ಯವಸ್ಥೆ ಬಂತು. ಫೋನ್ ಗಾನ್ ಕಂಪನಿಯ ಅಲೆಕ್ಸಾಂದ್ರ್ ಯಾಗೆಲ್ಸ್ಕಿ ಆಸ್ಥಾನದ ಛಾಯಾಗ್ರಾಹಕರಾಗಿ ವರ್ಷಗಟ್ಟಲೆ ರಾಜಮನೆತನವನ್ನು ಚಿತ್ರಿಸಿದರು. ಕವಾಯತು, ಮೆರವಣಿಗೆ, ವಿಹಾರದ ಹಡಗು, ಮಕ್ಕಳ ಆಟ. ರಾಜನ ಮನೆಯವರು ಕೂತು ಇವನ್ನು ನೋಡಿ ಖುಷಿಪಡುತ್ತಿದ್ದರು. ಆದರೆ ಇದೇ ನಿಕೋಲಸ್ 1913ರಲ್ಲಿ ಒಂದು ಪೊಲೀಸ್ ವರದಿಯ ಅಂಚಿನಲ್ಲಿ ಸಿನಿಮಾ ಅನ್ನುವುದು ಪೊಳ್ಳು, ಕೆಲಸಕ್ಕೆ ಬಾರದ್ದು, ಕೆಡುಕು ಮಾಡುವಂಥದ್ದು ಅಂತ ಬರೆದಿಟ್ಟ. ಅದೇ 1913ರಲ್ಲಿ ರೊಮಾನೊವ್ ಮನೆತನಕ್ಕೆ 300 ವರ್ಷ ತುಂಬಿದ ಸಂಭ್ರಮ. ಊರಿಂದೂರಿಗೆ ಮೆರವಣಿಗೆ, ಪಾದ್ರಿಗಳು, ಗವರ್ನರುಗಳು, ಬಾಗಿದ ತಲೆಗಳು. ಎಲ್ಲವೂ ಫಿಲ್ಮ್ ಮೇಲೆ ಬಂತು. ಪಥೆ, ಗೋಮೋಂ ತರಹದ ಫ್ರೆಂಚ್ ಕಂಪನಿಗಳ ಸುದ್ದಿಚಿತ್ರಗಳೂ ಇದ್ದವು. 1914ರಲ್ಲಿ ಯುದ್ಧ ಶುರುವಾದ ಮೇಲೆ ರಣರಂಗದಲ್ಲಿ ಚಿತ್ರ ತೆಗೆಯುವ ಅಧಿಕಾರ ಸ್ಕೋಬೆಲೆವ್ ಸಮಿತಿ ಅನ್ನುವ ಸೇನಾ ಸಂಸ್ಥೆಗೆ ಹೋಯಿತು.

ಅಂದರೆ ಶುಬ್ ಅವರ ಕೈಗೆ ಸಿಗಬಹುದಾಗಿದ್ದ ಫಿಲ್ಮ್‌ನಲ್ಲಿ ಬಹುಪಾಲು ದೊರೆಯ ಹೊಗಳಿಕೆಗೆ ತೆಗೆದದ್ದು, ಇಲ್ಲವೇ ಮಾರಾಟಕ್ಕೆ ತೆಗೆದದ್ದು, ಇಲ್ಲವೇ ಸೇನೆ ಒಪ್ಪಿದ್ದು. ಕ್ರಾಂತಿ ಮಾಡಿದವರ ಕೈಯಲ್ಲಿ ಕ್ಯಾಮೆರಾ ಇರಲಿಲ್ಲ.

ನೆಲಮಾಳಿಗೆ

1926ರ ಬೇಸಿಗೆಯಲ್ಲಿ ಅವರು ಲೆನಿನ್‌ಗ್ರಾಡ್‌ಗೆ ಹೋದರು. ನೆಗೆಟಿವ್‌ಗಳು ಒದ್ದೆ ನೆಲಮಾಳಿಗೆಗಳಲ್ಲಿ ಬಿದ್ದಿದ್ದವು. ಆಗಿನ ಫಿಲ್ಮ್ ನೈಟ್ರೇಟ್ ಫಿಲ್ಮ್. ತೇವ ತಾಗಿದರೆ ಮೇಲಿನ ಪದರ ಸುಲಿದು ಬರುತ್ತದೆ. ಚಿತ್ರ ಇರುವುದೇ ಆ ಪದರದಲ್ಲಿ. ಸೆಕೆ ಜಾಸ್ತಿಯಾದರೆ ಅಂಟಂಟಾಗಿ, ಆಮೇಲೆ ಪುಡಿಯಾಗುತ್ತದೆ. ಕಿಡಿ ತಾಗಿದರೆ ಕೇಳುವುದೇ ಬೇಡ, ನೀರು ಹಾಕಿದರೂ ಉರಿಯುತ್ತಲೇ ಇರುತ್ತದೆ. ನಮ್ಮ ಪುಣೆಯ ನೈಟ್ರೇಟ್ ಉಗ್ರಾಣಕ್ಕೆ 2003ರ ಜನವರಿಯಲ್ಲಿ ಬೆಂಕಿ ಬಿದ್ದು ಎಷ್ಟೆಲ್ಲ ಹಳೆ ಭಾರತೀಯ ಚಿತ್ರಗಳು ಹೋದವು ಅಂತ ನೆನೆದರೆ ಈಗಲೂ ಸಂಕಟವಾಗುತ್ತದೆ.

ಎರಡು ತಿಂಗಳು ಅವರು ಅಲ್ಲಿ ಕೂತರು. ನೋಡಿದ್ದು 60,000 ಮೀಟರ್ ಫಿಲ್ಮ್. ಮಾಸ್ಕೋಗೆ ಒಯ್ಯಲು ಆರಿಸಿದ್ದು 5,200 ಮೀಟರ್. ಮುಗಿದ ಚಿತ್ರದ ಉದ್ದ ಸುಮಾರು 1,500 ಮೀಟರ್.

ಈ ಅಂಕಿಗಳನ್ನು ಸುಮ್ನೆ ಓದಿ ಮುಂದೆ ಹೋಗಬಾರದು. ಮೂಕಿ ಕಾಲದ ವೇಗದಲ್ಲಿ, ಸೆಕೆಂಡಿಗೆ 16 ಫ್ರೇಮ್ ಲೆಕ್ಕದಲ್ಲಿ, ಒಂದು ಮೀಟರ್ ಫಿಲ್ಮ್ ಪರದೆಯ ಮೇಲೆ ಮೂರು ಸೆಕೆಂಡು ಚಿಲ್ಲರೆ ಓಡುತ್ತದೆ. 60,000 ಮೀಟರ್ ಅಂದರೆ 50 ಗಂಟೆಗೂ ಮೇಲೆ. ಒಂದೇ ಸಲ ಓಡಿಸಿ ನೋಡಿದರೆ ಅಷ್ಟು. ಆದರೆ ಇಲ್ಲಿ ಒಂದು ಸಲ ನೋಡಿದರೆ ಆಗುವ ಕೆಲಸ ಅಲ್ಲ. ಡಬ್ಬಿಯ ಮೇಲೆ ಹೆಸರಿಲ್ಲ, ಇದ್ದರೂ ತಪ್ಪು. ಪರದೆಯ ಮೇಲೆ ಯಾರೋ ಗಡ್ಡದವರು ಗಾಡಿಯಿಂದ ಇಳಿಯುತ್ತಾರೆ. ಯಾರಿವರು? ಮಂತ್ರಿಯಾ, ಗವರ್ನರಾ? ಯಾವ ಊರು, ಯಾವ ವರ್ಷ? ಟೋಪಿ, ಪದಕ, ಹಿಂದೆ ಕಾಣುವ ಕಟ್ಟಡ ನೋಡಿ ಕಂಡುಹಿಡಿಯಬೇಕು. ನೆಗೆಟಿವ್ ಆದರೆ ಬೆಳಕು ಕತ್ತಲೆ ಎರಡೂ ತಿರುಗುಮುರುಗು, ಗುರುತು ಹಿಡಿಯುವುದು ಇನ್ನೂ ಕಷ್ಟ. ಕ್ರಾಂತಿಯ ವಸ್ತುಸಂಗ್ರಹಾಲಯದವರು ಇತಿಹಾಸದ ವಿವರಗಳಲ್ಲಿ ನೆರವಾದರು. ಸಾಲದ ಕಡೆ ಹಳೆಯ ಪತ್ರಿಕೆ, ಕಾಗದಪತ್ರಗಳನ್ನು ಹೊಸದಾಗಿ ಚಿತ್ರಿಸಿ ಸೇರಿಸಿದರು.

ಅರಮನೆಯ ಮನೆರೀಲುಗಳು ಸಿಕ್ಕಿದ್ದೂ ಈ ಹುಡುಕಾಟದಲ್ಲೇ. ತಮ್ಮ ಮನೆಯವರೇ ನೋಡಲಿ ಅಂತ ತೆಗೆಸಿಕೊಂಡ ತುಣುಕುಗಳು. ಅದರಲ್ಲಿ ದೊರೆಗೆ ಎಚ್ಚರಿಕೆ ಇಲ್ಲ, ಸೋಗು ಇಲ್ಲ. ಶುಬ್ ಅವರಿಗೆ ಇದಕ್ಕಿಂತ ಒಳ್ಳೆ ಸಾಕ್ಷಿ ಬೇಕಿರಲಿಲ್ಲ.

ಲೆನಿನ್ ಇರುವ ಕೆಲವು ತುಣುಕುಗಳು ಅಮೆರಿಕದಲ್ಲಿದ್ದವು. ಅವನ್ನು ದುಡ್ಡು ಕೊಟ್ಟು ವಾಪಸ್ ತರಿಸಬೇಕಾಯಿತು.

ಜೋಡಿಸುವುದು ಅಂದರೆ

ತುಣುಕು ಜೋಡಿಸಿ ಸುಳ್ಳು ಹೇಳುವುದು ಎಷ್ಟು ಸುಲಭ ಅಂತ ತೋರಿಸುವ ಹಳೆ ಪ್ರಸಂಗ ಒಂದಿದೆ. ಅದರಲ್ಲಿ ಇರುವವರೂ ಆ ದುಬ್ಲಿಯೇ ಅವರೇ. 1898ರಲ್ಲಿ ಅವರು ದಕ್ಷಿಣ ರಷ್ಯಾದ ಊರುಗಳಲ್ಲಿ ಚಿತ್ರ ತೋರಿಸುತ್ತ ತಿರುಗುತ್ತಿದ್ದರು. ಯಹೂದಿಗಳು ಜಾಸ್ತಿ ಇದ್ದ ಊರುಗಳು. ಫ್ರಾನ್ಸಿನಲ್ಲಿ ದ್ರೇಫುಸ್ ಅನ್ನುವ ಯಹೂದಿ ಸೇನಾಧಿಕಾರಿಗೆ ಆದ ಅನ್ಯಾಯದ ಸುದ್ದಿ ಎಲ್ಲ ಕಡೆ ಹಬ್ಬಿತ್ತು. ಜನ ದ್ರೇಫುಸ್‌ನನ್ನು ತೋರಿಸಿ ಅಂತ ಕೇಳಿದರು. ದುಬ್ಲಿಯೇ ತಮ್ಮ ಪೆಟ್ಟಿಗೆಯಲ್ಲಿದ್ದ ಸಂಬಂಧವೇ ಇಲ್ಲದ ತುಣುಕುಗಳನ್ನು ಸೇರಿಸಿದರು. ಒಂದು ಸೇನಾ ಕವಾಯತು, ಪ್ಯಾರಿಸ್‌ನ ಒಂದು ದೊಡ್ಡ ಕಟ್ಟಡ, ಒಂದು ದೋಣಿ, ನೈಲ್ ನದಿಯ ಮುಖಜ ಭೂಮಿ. ಇವನೇ ದ್ರೇಫುಸ್, ಇದೇ ನ್ಯಾಯಾಲಯ, ಈ ದೋಣಿಯಲ್ಲೇ ಕರೆದೊಯ್ದರು, ಇದೇ ಅವನನ್ನು ಇಟ್ಟ ದ್ವೀಪ ಅಂತ ಹೇಳುತ್ತ ಹೋದರು. ಜನ ಅತ್ತರು. ಒಬ್ಬ ಮುದುಕರು ಮಾತ್ರ ಎದ್ದು ಕೇಳಿದರಂತೆ, ದ್ರೇಫುಸ್ ಬಂಧನ ಆದದ್ದು 1894ರಲ್ಲಿ, ಆಗ ನಿಮ್ಮ ಈ ಯಂತ್ರ ಎಲ್ಲಿತ್ತು ಅಂತ.

ಶುಬ್ ಮಾಡಿದ್ದೂ ಹೊರಗಿನಿಂದ ನೋಡಿದರೆ ಇದೇ ಕೆಲಸ. ಬೇರೆ ಬೇರೆ ಕಡೆ ತೆಗೆದದ್ದನ್ನು ಸಾಲಾಗಿ ಇಟ್ಟರು. ಹಾಗಾದರೆ ವ್ಯತ್ಯಾಸ ಏನು? ದುಬ್ಲಿಯೇ ಅವರ ತುಣುಕಿನಲ್ಲಿ ಇದ್ದದ್ದು ಒಂದು, ಅವರು ಹೇಳಿದ್ದು ಇನ್ನೊಂದು. ಶುಬ್ ಅವರ ತುಣುಕಿನಲ್ಲಿ ಗವರ್ನರ್ ಗವರ್ನರೇ, ಕೂಲಿ ಕೂಲಿಯೇ. ಹಡಗಿನ ಮೇಲೆ ಕುಣಿದದ್ದು ನಿಜ, ಮಣ್ಣು ಅಗೆದದ್ದು ನಿಜ. ಎರಡೂ ಒಂದೇ ದೇಶದಲ್ಲಿ, ಒಂದೇ ಆಳ್ವಿಕೆಯಲ್ಲಿ ನಡೆಯುತ್ತಿದ್ದದ್ದೂ ನಿಜ. ಯಾರೂ ಎರಡನ್ನೂ ಒಟ್ಟಿಗೆ ನೋಡಿರಲಿಲ್ಲ ಅಷ್ಟೇ. ಅವರು ಒಟ್ಟಿಗೆ ತೋರಿಸಿದರು. ಟೈಟಲ್ ಕಾರ್ಡ್‌ಗಳಲ್ಲಿ ಅವರ ಪಕ್ಷ ಯಾವುದು ಅಂತ ಸ್ಪಷ್ಟವಾಗಿ ಕಾಣುತ್ತದೆ, ಅದನ್ನು ಅವರು ಮುಚ್ಚಿಡುವುದೂ ಇಲ್ಲ.

ನನಗೆ ಇನ್ನೂ ಇಷ್ಟವಾಗುವುದು ಅವರ ತಾಳ್ಮೆ. ಅದೇ ವರ್ಷಗಳಲ್ಲಿ ಸೋವಿಯತ್ ಎಡಿಟಿಂಗ್ ಅಂದರೆ ಪಟಪಟ ಅಂತ ಬದಲಾಗುವ ಶಾಟ್‌ಗಳು. ಶುಬ್ ಹಾಗೆ ಮಾಡಲಿಲ್ಲ. ಮೆರವಣಿಗೆ ಬಂದರೆ ಅದು ಸಾಗಿ ಹೋಗುವವರೆಗೂ ಬಿಟ್ಟರು. ನೋಡುವವರಿಗೆ ಒಂದು ಸಂಗತಿಯನ್ನು ತೋರಿಸಿದರೆ ಸಾಲದು, ಅದನ್ನು ಪರೀಕ್ಷೆ ಮಾಡಲು, ಪರೀಕ್ಷೆ ಮಾಡಿದ ಮೇಲೆ ಮನಸ್ಸಿನಲ್ಲಿ ಇಟ್ಟುಕೊಳ್ಳಲು ಸಮಯ ಕೊಡಬೇಕು ಅನ್ನುವುದು ಅವರ ನಿಲುವು. ಇದು ಪರದೆಯ ಮೇಲೆ ಹೇಗೆ ಕೆಲಸ ಮಾಡುತ್ತದೆ ಗೊತ್ತಾ? ಮೊದಲ ಐದು ಸೆಕೆಂಡು ನಾವು ನೋಡುವುದು ಕ್ಯಾಮೆರಾಮನ್ ತೋರಿಸಬೇಕು ಅಂದುಕೊಂಡದ್ದನ್ನೇ: ಕುದುರೆ, ಬಾವುಟ, ಕಿರೀಟ. ಆಮೇಲೆ ಕಣ್ಣು ಅಂಚಿಗೆ ಹೋಗುತ್ತದೆ. ಪಕ್ಕದಲ್ಲಿ ನಿಂತ ಪೊಲೀಸ್ ಜನರನ್ನು ಹಿಂದಕ್ಕೆ ತಳ್ಳುತ್ತಿರುವುದು ಕಾಣುತ್ತದೆ. ಬರಿಗಾಲಿನ ಹುಡುಗ ಕಾಣುತ್ತಾನೆ. ದೊರೆಯ ಮುಖದಲ್ಲಿನ ಬೇಸರ ಕಾಣುತ್ತದೆ. ಕ್ಯಾಮೆರಾ ತನಗೆ ಗೊತ್ತಿಲ್ಲದೇ ಹಿಡಿದಿಟ್ಟದ್ದೆಲ್ಲ ಆಗ ಹೊರಗೆ ಬರುತ್ತದೆ.

ಇಷ್ಟು ಮಾಡಿದ ಮೇಲೆ ಯುದ್ಧದ ಭಾಗಕ್ಕೆ ಹೆಚ್ಚು ವಿವರಣೆಯೇ ಬೇಕಾಗುವುದಿಲ್ಲ. ಕಾರ್ಖಾನೆಯಲ್ಲಿ ತಯಾರಾಗುವ ತೋಪು, ಸಾಲಾಗಿ ಹೊರಡುವ ಹುಡುಗರು, ಕಂದಕ, ಹೆಣ. ತೆಗೆದವರು ಬೇರೆ ಬೇರೆ ದೇಶದವರು, ಅವರವರ ಸೇನೆಗಾಗಿ ತೆಗೆದದ್ದು. ಒಟ್ಟಿಗೆ ಇಟ್ಟಾಗ ಯಾವ ಸೇನೆಯದ್ದು ಅನ್ನುವುದು ಮುಖ್ಯ ಅನ್ನಿಸುವುದೇ ಇಲ್ಲ.

ಚಿತ್ರ 1927ರ ಮಾರ್ಚ್ 11ರಂದು ತೆರೆಗೆ ಬಂತು. ಹಳೆ ರಷ್ಯನ್ ಪಂಚಾಂಗ 13 ದಿನ ಹಿಂದೆ ಇತ್ತು. ಹಾಗಾಗಿ ಫೆಬ್ರವರಿ ಕ್ರಾಂತಿಯ ವಾರ್ಷಿಕ ಹೊಸ ಲೆಕ್ಕದಲ್ಲಿ ಮಾರ್ಚಿಗೆ ಬೀಳುತ್ತದೆ.

ಹೆಸರಿನ ಜಗಳ

ಚಿತ್ರ ಜನಕ್ಕೆ ಹಿಡಿಸಿತು. ಆದರೆ ಇದರ ಕರ್ತೃ ಯಾರು? ಸೋವ್ಕಿನೊ ಅನ್ನುವ ಸರ್ಕಾರಿ ಸಿನಿಮಾ ಸಂಸ್ಥೆ ಶುಬ್ ಅವರ ಕರ್ತೃತ್ವದ ಹಕ್ಕನ್ನು ಒಪ್ಪಲಿಲ್ಲ. ಒಂದು ಶಾಟ್ ಕೂಡ ಇವರು ತೆಗೆದಿಲ್ಲ, ಇದ್ದದ್ದನ್ನು ಅಂಟಿಸಿದ್ದಾರೆ, ಅದಕ್ಕೆಲ್ಲ ಹಕ್ಕು ಯಾಕೆ ಅನ್ನುವ ಧೋರಣೆ. ಕವಿ ಮಾಯಕೋವ್ಸ್ಕಿ ಇವರ ಪರ ನಿಂತರು. ಅವರ ಬಳಗದ ಲೇಖಕರೂ ನಿಂತರು.

ಈ ಜಗಳ ನನಗೆ ಸಣ್ಣದು ಅನ್ನಿಸುವುದಿಲ್ಲ. ಹುಡುಕಿ, ಒರೆಸಿ, ಗುರುತು ಹಿಡಿದು, ಆರಿಸಿ, ಸಾಲು ಕಟ್ಟುವುದನ್ನು ನಾವು ಇವತ್ತಿಗೂ ಗುಮಾಸ್ತರ ಕೆಲಸದ ಹಾಗೆ ನೋಡುತ್ತೇವೆ, ಅಲ್ವಾ? ಅದೂ ಹೆಂಗಸರು ಮಾಡಿದ್ದಾದರೆ ಇನ್ನೂ ಸುಲಭವಾಗಿ ಮರೆಯುತ್ತೇವೆ. ಭಾರತದಲ್ಲಿ ಇದಕ್ಕೆ ಹತ್ತಿರದ ಕೆಲಸ ಮಾಡಿದವರು ತಮಿಳುನಾಡಿನ ಎ. ಕೆ. ಚೆಟ್ಟಿಯಾರ್. ಗಾಂಧೀಜಿ ಇರುವ ತುಣುಕು ಎಲ್ಲೆಲ್ಲಿದೆ ಅಂತ ದೇಶ ದೇಶ ಸುತ್ತಿ, ಸುಮಾರು 50,000 ಅಡಿ ಫಿಲ್ಮ್ ಕೂಡಿಸಿ, 1940ರಲ್ಲಿ ತಮಿಳಿನಲ್ಲಿ ಸಾಕ್ಷ್ಯಚಿತ್ರ ತಂದರು. ಅವರ ಹೆಸರು ಕೇಳಿದ ಕನ್ನಡಿಗರು ಎಷ್ಟು ಜನ ಇದ್ದೇವೆ?

ಕ್ಯಾಮೆರಾ ಇಲ್ಲದ ದಿನಗಳು

ಪ್ರಕರಣದ ಗಟ್ಟಿ ಪ್ರಶ್ನೆ ಇರುವುದು ಇಲ್ಲಿ. ಈ ಚಿತ್ರದಲ್ಲಿ ಕ್ರಾಂತಿ ನಿಜವಾಗಿ ಎಷ್ಟು ಇದೆ?

ಫೆಬ್ರವರಿ ಕ್ರಾಂತಿ ಶುರುವಾದದ್ದು ಹಳೆ ಲೆಕ್ಕದ ಫೆಬ್ರವರಿ 23ರಂದು. ಹೊಸ ಲೆಕ್ಕದಲ್ಲಿ ಮಾರ್ಚ್ 8, ಮಹಿಳಾ ದಿನ. ಆಮೇಲೆ ಲೆನಿನ್‌ಗ್ರಾಡ್ ಅನ್ನಿಸಿಕೊಂಡ ಪೆಟ್ರೊಗ್ರಾಡ್‌ನ ಗಿರಣಿ ಕೆಲಸದ ಹೆಂಗಸರು ಬ್ರೆಡ್ಡು ಕೊಡಿ ಅಂತ ಬೀದಿಗೆ ಇಳಿದರು. ನಾಲ್ಕೈದು ದಿನದಲ್ಲಿ ಸೈನಿಕರೂ ಜನರ ಕಡೆ ಬಂದರು. ಹಳೆ ಲೆಕ್ಕದ ಮಾರ್ಚ್ 2ಕ್ಕೆ ದೊರೆ ಪಟ್ಟ ಬಿಟ್ಟ. ಇಲ್ಲಿ ಮುಂದೆ ಬರುವ 1917ರ ದಿನಾಂಕಗಳೂ ಹಳೆ ಲೆಕ್ಕದವೇ. ಸ್ಕೋಬೆಲೆವ್ ಸಮಿತಿಯ ಕ್ಯಾಮೆರಾಮನ್‌ಗಳು ಬೀದಿಗೆ ಬಂದು ತೆಗೆದ ದಾಖಲೆ ಆಗಲೇ ಚಿತ್ರವಾಗಿ ಹೊರಬಂತು. ಅದರ ಹೆಸರಿನಲ್ಲೇ ದಿನಾಂಕ ಇದೆ: ಫೆಬ್ರವರಿ 28ರಿಂದ ಮಾರ್ಚ್ 4ರವರೆಗಿನ ಮಹಾ ದಿನಗಳು. ಅಂದರೆ ದಾಖಲೆ ಶುರುವಾಗುವ ಹೊತ್ತಿಗೆ ಮೊದಲ ಐದು ದಿನ ಮುಗಿದುಹೋಗಿತ್ತು. ಬ್ರೆಡ್ಡಿಗೆ ಬೀದಿಗಿಳಿದ ಆ ಹೆಂಗಸರ ಮೊದಲ ದಿನ ಅದರೊಳಗೆ ಇಲ್ಲ. ಸತ್ತವರನ್ನು ಮಾರ್ಚ್ 23ರಂದು ಮಾರ್ಸ್ ಮೈದಾನದಲ್ಲಿ ಮಣ್ಣು ಮಾಡಿದಾಗ ಕ್ಯಾಮೆರಾಗಳು ಇದ್ದವು. ಆ ಉದ್ದನೆಯ ಜನಸಾಗರ ಫಿಲ್ಮ್ ಮೇಲೆ ಇದೆ.

ಅದೇ ವರ್ಷ ಲೆನಿನ್ ಪಕ್ಷ ಅಧಿಕಾರ ಹಿಡಿದ ಅಕ್ಟೋಬರ್ ಕ್ರಾಂತಿಯದ್ದು ಇನ್ನೂ ಕಷ್ಟ. ಚಳಿಗಾಲದ ಅರಮನೆಯನ್ನು ವಶಪಡಿಸಿಕೊಂಡದ್ದು ರಾತ್ರಿ ಹೊತ್ತು. ಆಗಿನ ಫಿಲ್ಮ್‌ಗೆ ಬೀದಿದೀಪದ ಬೆಳಕು ಸಾಲುತ್ತಲೇ ಇರಲಿಲ್ಲ. ಆ ಘಟನೆಯ ಚಲನಚಿತ್ರ ಇಲ್ಲ. ಶುಬ್ ಅದೇ 1927ರಲ್ಲಿ ಅಕ್ಟೋಬರ್‌ನ ಹತ್ತನೇ ವರ್ಷಕ್ಕೆ 'ಮಹಾ ಪಥ' ಅನ್ನುವ ಎರಡನೇ ಸಂಕಲನ ಚಿತ್ರ ಮಾಡಿದಾಗ ಎದುರಿಸಿದ್ದು ಈ ಗುಂಡಿಯನ್ನೇ. ಕ್ರಾಂತಿಯ ಮೊದಲಿನ ವರ್ಷಗಳಿಗೆ ಇದ್ದಷ್ಟು ಫಿಲ್ಮ್ ಕ್ರಾಂತಿಯ ನಂತರದ ವರ್ಷಗಳಿಗೆ ಸಿಗಲಿಲ್ಲ. ದೊರೆ ಪಟ್ಟದಲ್ಲಿದ್ದಾಗ ಕ್ಯಾಮೆರಾ ಅವನ ಹಿಂದೆ ತಿರುಗುತ್ತಿತ್ತು. ಜನ ಗೆದ್ದ ಮೇಲೆ ಹಸಿವು, ಯುದ್ಧ, ಫಿಲ್ಮ್ ಬರ.

ಅದೇ ಹೊತ್ತಿಗೆ ಐಸೆನ್‌ಸ್ಟೈನ್ ಲೆನಿನ್‌ಗ್ರಾಡ್‌ನಲ್ಲಿ 'ಅಕ್ಟೋಬರ್' ತೆಗೆಯುತ್ತಿದ್ದರು. ಸಾವಿರಾರು ಜನರನ್ನು ಸೇರಿಸಿ, ನಿಜವಾದ ಅರಮನೆಯಲ್ಲೇ, ದಾಳಿಯನ್ನು ಆಡಿಸಿದರು. ಲೆನಿನ್ ಹಾಗೆ ಕಾಣುವ ನಿಕಾಂಡ್ರೊವ್ ಅನ್ನುವ ಕಾರ್ಮಿಕರನ್ನು ತಂದು ನಿಲ್ಲಿಸಿದರು. ಮಾಯಕೋವ್ಸ್ಕಿಗೆ ಇದು ಸಹಿಸಲಾಗಲಿಲ್ಲ. ಆ ನಕಲಿ ಲೆನಿನ್ ಪರದೆಗೆ ಬಂದರೆ ಕೊಳೆತ ಮೊಟ್ಟೆ ಎಸೆಯುತ್ತೇನೆ ಅಂತ ತುಂಬಿದ ಸಭೆಯಲ್ಲೇ ಹೇಳಿದರು. ಕ್ರಾಂತಿಯ ಮುಂದಾಳುಗಳಲ್ಲಿ ಒಬ್ಬರಾಗಿದ್ದ ಟ್ರಾಟ್‌ಸ್ಕಿ ಪಕ್ಷದಿಂದ ಹೊರಬಿದ್ದ ಮೇಲೆ ಐಸೆನ್‌ಸ್ಟೈನ್ ತಮ್ಮ ಚಿತ್ರದಿಂದ ಅವರ ದೃಶ್ಯಗಳನ್ನು ಕತ್ತರಿಸಬೇಕಾಯಿತು.

ಮುಂದೆ ಆದದ್ದು ಏನು? ಅರಮನೆ ಗೇಟು ಹತ್ತಿ ನುಗ್ಗುವ ಜನರ ಆ ಆಡಿಸಿದ ದೃಶ್ಯವನ್ನೇ ಎಷ್ಟೋ ಸಾಕ್ಷ್ಯಚಿತ್ರಗಳು 1917ರ ನಿಜದ ದೃಶ್ಯ ಅನ್ನುವ ಹಾಗೆ ಬಳಸಿದವು. ಅದಕ್ಕೂ ಮೊದಲು, 1920ರ ನವೆಂಬರ್ 7ರಂದು, ನಾಟಕ ನಿರ್ದೇಶಕ ಎವ್ರೇಯಿನೊವ್ ಅರಮನೆಯ ಮುಂದಿನ ಚೌಕದಲ್ಲಿ ಈ ದಾಳಿಯನ್ನು ಬಯಲಾಟದಂತೆ ಆಡಿಸಿದ್ದರು. ಅದರ ಒಂದು ಫೋಟೋವನ್ನು ತಿದ್ದಿ ಪಠ್ಯಪುಸ್ತಕಗಳಲ್ಲಿ 1917 ಅಂತ ಅಚ್ಚು ಹಾಕಿದರು. ಈ ವಿಷಯ ತಿಳಿದಾಗ ನನಗೆ ನಿಜವಾಗಿ ಬೇಜಾರಾಯಿತು, ಯಾಕೆಂದರೆ ನನ್ನ ತಲೆಯಲ್ಲಿದ್ದ ರಷ್ಯಾ ಕ್ರಾಂತಿಯ ಚಿತ್ರವೂ ಅದೇ ಆಗಿತ್ತು.

ಶುಬ್ ಇಂಥ ತೂತಿಗೆ ತೇಪೆ ಹಾಕಲು ನಟರನ್ನು ಕರೆಯಲಿಲ್ಲ. ಇಲ್ಲದ್ದು ಇಲ್ಲ. ಅವರ ಚಿತ್ರಗಳಲ್ಲಿ ಕ್ರಾಂತಿಯ ಮುಖ್ಯ ಗಳಿಗೆಗಳು ಪತ್ರಿಕೆಯ ಸಾಲುಗಳಾಗಿ, ಘೋಷಣೆಯ ಕಾಗದಗಳಾಗಿ, ಸೇರಿದ ಜನರಾಗಿ ಬರುತ್ತವೆ. ಕೆಲವರಿಗೆ ಇದು ಸಪ್ಪೆ ಅನ್ನಿಸಬಹುದು. ನನಗೆ ಇದೇ ಅವರ ಪ್ರಾಮಾಣಿಕತೆ ಅನ್ನಿಸುತ್ತದೆ.

ಹಾಗಂತ ಅವರ ಚಿತ್ರ ಎಲ್ಲವನ್ನೂ ಹೇಳುತ್ತದೆ ಅಂತ ನಾನು ವಾದ ಮಾಡುವುದಿಲ್ಲ. ಫೆಬ್ರವರಿಯಲ್ಲಿ ಹಲವು ಪಕ್ಷಗಳಿದ್ದವು, ಹಲವು ಆಸೆಗಳಿದ್ದವು. 1927ರಲ್ಲಿ ಕೂತು ಹಿಂದಕ್ಕೆ ನೋಡುವ ಈ ಚಿತ್ರಕ್ಕೆ ಫೆಬ್ರವರಿ ಅನ್ನುವುದು ಅಕ್ಟೋಬರ್‌ಗೆ ಹೋಗುವ ಮೆಟ್ಟಿಲು ಮಾತ್ರ. ಕೂಲಿಗಳು, ರೈತರು ಪರದೆಯ ಮೇಲೆ ದುಡಿಯುತ್ತಾರೆ, ಆದರೆ ಅವರಲ್ಲಿ ಒಬ್ಬರ ಹೆಸರೂ ನಮಗೆ ತಿಳಿಯುವುದಿಲ್ಲ. ಹೆಸರು ಬರುವುದು ಗವರ್ನರಿಗೆ, ಮಂತ್ರಿಗೆ. ಡಬ್ಬಿಯಲ್ಲಿ ಏನಿತ್ತೋ ಅದರ ಓರೆ ಚಿತ್ರದಲ್ಲೂ ಉಳಿಯಿತು.

ಇಂಥ ಸಂಕಲನಕ್ಕೆ ಕೈ ಹಾಕಿದವರಲ್ಲಿ ಶುಬ್ ಮೊದಲಿಗರೂ ಅಲ್ಲ. 1918ರಲ್ಲೇ, 22 ವರ್ಷದ ಜಿಗಾ ವೆರ್ತೊವ್ ಕ್ರಾಂತಿಯ ಮೊದಲ ವರ್ಷದ ಸುದ್ದಿತುಣುಕುಗಳನ್ನು ಸೇರಿಸಿ 'ಕ್ರಾಂತಿಯ ವಾರ್ಷಿಕೋತ್ಸವ' ಅನ್ನುವ ದೊಡ್ಡ ಚಿತ್ರ ಮಾಡಿದ್ದರು. ಅದರಲ್ಲಿ ಟ್ರಾಟ್‌ಸ್ಕಿ ಇದ್ದರು. ಆಮೇಲೆ ಆ ಚಿತ್ರ ಇಡಿಯಾಗಿ ಉಳಿಯಲಿಲ್ಲ, ತುಂಡು ತುಂಡಾಗಿ ಬೇರೆ ಬೇರೆ ರೀಲುಗಳಲ್ಲಿ ಚದುರಿಹೋಯಿತು. ಸರಿಯಾಗಿ ನೂರು ವರ್ಷದ ಮೇಲೆ, 2018ರಲ್ಲಿ, ನಿಕೊಲಾಯ್ ಇಜ್ವೊಲೊವ್ ಅನ್ನುವ ಸಂಶೋಧಕರು ಆ ತುಂಡುಗಳನ್ನು ಹುಡುಕಿ, ಹಳೆಯ ಟೈಟಲ್ ಪಟ್ಟಿ ನೋಡಿ, ಮತ್ತೆ ಜೋಡಿಸಿದರು. ಶುಬ್ ನೆಲಮಾಳಿಗೆಯಲ್ಲಿ ಮಾಡಿದ್ದ ಕೆಲಸವನ್ನೇ ಅವರೂ ಮಾಡಿದರು.

ಶುಬ್ ಮೂರನೆಯ ಚಿತ್ರವನ್ನೂ ಇದೇ ದಾರಿಯಲ್ಲಿ ಮಾಡಿದರು, 1928ರಲ್ಲಿ, ಟಾಲ್‌ಸ್ಟಾಯ್ ಮತ್ತು ನಿಕೋಲಸ್ ಕಾಲದ ರಷ್ಯಾ ಕುರಿತು. 1959ರಲ್ಲಿ ತೀರಿಕೊಂಡರು.

ಅವರು ಲೆನಿನ್‌ಗ್ರಾಡ್‌ಗೆ ಹೋದ ಅದೇ 1926ರಲ್ಲಿ ಸರ್ಕಾರ ಕ್ರಾಂತಿಗೆ ಸಂಬಂಧಪಟ್ಟ ಫೋಟೋ, ಫಿಲ್ಮ್ ನೆಗೆಟಿವ್‌ಗಳನ್ನು ಒಂದು ಕಡೆ ಸೇರಿಸಿ ಕಾಪಾಡಬೇಕು ಅಂತ ಆಜ್ಞೆ ಹೊರಡಿಸಿತ್ತು. ಆ ಸಂಗ್ರಹ ಈಗ ಮಾಸ್ಕೋ ಪಕ್ಕದ ಕ್ರಾಸ್ನೊಗೊರ್ಸ್ಕ್‌ನಲ್ಲಿದೆ. ಕಪಾಟುಗಳಲ್ಲಿ, ಹೆಸರು ದಿನಾಂಕ ಬರೆದ ಡಬ್ಬಿಗಳಲ್ಲಿ.

ಮೊನ್ನೆ ಆ ಹಡಗಿನ ದೃಶ್ಯವನ್ನು ಮತ್ತೆ ಹಾಕಿಕೊಂಡೆ. ಈ ಸಲ ಕುಣಿಯುವವರನ್ನು ಬಿಟ್ಟು ಹಿಂದೆ ನೋಡಿದೆ. ಕುಣಿತ ನಿಂತ ಮೇಲೂ ಕ್ಯಾಮೆರಾಮನ್ ಕೈ ತಕ್ಷಣ ನಿಲ್ಲಿಸಿಲ್ಲ, ಹಿಡಿಕೆ ತಿರುಗುತ್ತಲೇ ಇದೆ. ಜನ ಬೆವರು ಒರೆಸಿಕೊಂಡದ್ದು ಫಿಲ್ಮ್ ಮೇಲೆ ಬಂದದ್ದು ಆ ಹೆಚ್ಚುವರಿ ಸೆಕೆಂಡುಗಳಲ್ಲಿ. ಬೇರೆ ಯಾರಾದರೂ ಆಗಿದ್ದರೆ ಬೇಡದ ತುಂಡು ಅಂತ ಅಷ್ಟನ್ನು ಕತ್ತರಿಸಿ ಬುಟ್ಟಿಗೆ ಹಾಕುತ್ತಿದ್ದರು. ಶುಬ್ ಅದನ್ನೇ ಇಟ್ಟುಕೊಂಡರು.